ಅಜ್ಜನ ದಾಖಲೆ, ಮೊಮ್ಮಗಳ ಸೀಟು

ಜೂನ್ ತಿಂಗಳು ಬಂತೆಂದರೆ ಪುಣೆಯ ಖಡಕಿ ಬಜಾರಿನ ಝೆರಾಕ್ಸ್ ಅಂಗಡಿಗಳಿಗೆ ಒಂದೇ ಬಗೆಯ ಫೈಲುಗಳು ಬರತೊಡಗುತ್ತವೆ. ಒಳಗೆ ಮಡಿಕೆ ಬಿದ್ದ ಕಡೆ ಹರಿದಿರುವ ಶಾಲೆ ಬಿಟ್ಟ ದಾಖಲೆ, ಮಸಿ ಮಾಸಿದ ಜನನ ನೋಂದಣಿಯ ನಕಲು, ನೋಟರಿಯ ಮುದ್ರೆ ಬಿದ್ದ ವಂಶಾವಳಿ. ಫೈಲು ಹಿಡಿದು ನಿಂತ ಅಪ್ಪ ಪಾಳಿ ಮುಗಿಸಿ ನೇರ ಬಂದಿರುತ್ತಾನೆ. ಪಕ್ಕದಲ್ಲಿ ಹನ್ನೆರಡನೇ ತರಗತಿ ಮುಗಿಸಿದ ಮಗಳು. ಸೊಲ್ಲಾಪುರ, ವಿಜಯಪುರ, ಕಲಬುರಗಿ ಕಡೆಯಿಂದ ಬಂದು ನೆಲೆಸಿದ ಮನೆಯವರಾದರೆ ಅಂಗಡಿಯವನೊಡನೆ ಮರಾಠಿ, ತಮ್ಮತಮ್ಮಲ್ಲಿ ಕನ್ನಡ. ಗುರುತಿನವರು ಎದುರಾದರೆ ಕೇಳುವ ಮೊದಲ ಮಾತು, “ವ್ಯಾಲಿಡಿಟಿ ಬಂತೇನ್ರೀ?”

ಅವರು ಕೇಳುತ್ತಿರುವುದು ಜಾತಿ ಪ್ರಮಾಣಪತ್ರವನ್ನಲ್ಲ. ಅದು ಕೈಯಲ್ಲಿದೆ. ಆ ಪತ್ರ ನಿಜವೆಂದು ಹೇಳುವ ಇನ್ನೊಂದು ಪತ್ರ ಬೇಕು. ಮಹಾರಾಷ್ಟ್ರದಲ್ಲಿ ಅದನ್ನು ಕೊಡುವುದು ಜಾತ ಪಡತಾಳಣಿ ಸಮಿತಿ, ಅಂದರೆ ಜಾತಿ ಪರಿಶೀಲನಾ ಸಮಿತಿ. ಜಾತಿ ಪ್ರಮಾಣಪತ್ರ ಕೆಲವು ದಿನಗಳಲ್ಲಿ ಸಿಕ್ಕೀತು. ಇದಕ್ಕೆ ತಿಂಗಳುಗಳು ಹಿಡಿಯುತ್ತವೆ. ಸಮಿತಿ ಒಪ್ಪದಿದ್ದರೆ ಮುಂದಿನ ಮೆಟ್ಟಿಲು ನೇರ ಬಾಂಬೆ ಹೈಕೋರ್ಟಿನದು.

ಖಡಕಿಯಂಥ ಊರಿನಲ್ಲಿ ಈ ಪ್ರಶ್ನೆ ಮನೆಮನೆಯದು. 1817ರ ನವೆಂಬರ್ 5ರಂದು ಪೇಶ್ವೆಯ ಸೇನೆಗೂ ಬ್ರಿಟಿಷರಿಗೂ ಇಲ್ಲಿ ಕಾಳಗ ನಡೆಯಿತು. ಆಮೇಲೆ ದಂಡಿನ ಊರಾಯಿತು. 1869ರಲ್ಲಿ ಮದ್ದುಗುಂಡಿನ ಕಾರ್ಖಾನೆ ಬಂತು, 1940ರ ಹೊತ್ತಿಗೆ ಸ್ಫೋಟಕಗಳ ಇನ್ನೊಂದು ಕಾರ್ಖಾನೆ. ಹೊರಗಿನಿಂದ ಬಂದವರ ದುಡಿಮೆಯಿಂದ ಬೆಳೆದ ಊರು ಇದು. ಹೊರಗಿನಿಂದ ಬಂದವರ ಹಳೆಯ ದಾಖಲೆಗಳು ಅವರು ಬಿಟ್ಟು ಬಂದ ಊರಿನಲ್ಲಿಯೇ ಉಳಿದಿರುತ್ತವೆ, ಉಳಿದಿದ್ದರೆ.

ಒಂದು ಜಾತಿಗೆ ಎರಡು ಕಾಗದ ಏಕೆ?

ಈಗಿನ ಮೀಸಲಾತಿಯ ಪಟ್ಟಿ ಹುಟ್ಟಿದ್ದು 1950ರಲ್ಲಿ. ಪರಿಶಿಷ್ಟ ಜಾತಿಗಳ ಪಟ್ಟಿಯ ಮೇಲೆ ರಾಷ್ಟ್ರಪತಿಗಳ ಅಂಕಿತ ಬಿದ್ದದ್ದು ಆ ವರ್ಷದ ಆಗಸ್ಟ್ 10ರಂದು, ಪರಿಶಿಷ್ಟ ಪಂಗಡಗಳದಕ್ಕೆ ಸೆಪ್ಟೆಂಬರ್ 6ರಂದು. ಮೊದಮೊದಲು ಎಷ್ಟೋ ಹೆಸರುಗಳಿಗೆ ಪ್ರದೇಶದ ಮಿತಿ ಇತ್ತು. ಇಂಥ ಬುಡಕಟ್ಟು ಇಂಥ ಜಿಲ್ಲೆಯ ಇಂಥ ತಾಲ್ಲೂಕುಗಳಲ್ಲಿ ಮಾತ್ರ ಪಟ್ಟಿಗೆ ಸೇರುತ್ತದೆ ಎಂದು ಬರೆದಿತ್ತು. 1976ರ ತಿದ್ದುಪಡಿ ಕಾಯ್ದೆ ಆ ಮಿತಿಗಳಲ್ಲಿ ಹೆಚ್ಚಿನವನ್ನು ತೆಗೆಯಿತು.

ತೆಗೆದದ್ದು ನ್ಯಾಯವಾಗಿಯೇ ಇತ್ತು. ಹೊಟ್ಟೆಪಾಡಿಗೆ ಬೆಟ್ಟ ಇಳಿದು ಊರು ಬದಲಿಸಿದವನು ಬುಡಕಟ್ಟಿನವನಲ್ಲವಾಗುವುದು ಹೇಗೆ? ಆದರೆ ಅದರ ಜೊತೆಗೇ ಹೆಸರು ಹೋಲುವ ಬೇರೆ ಸಮುದಾಯಗಳಿಗೂ ಬಾಗಿಲು ತೆರೆದಂತಾಯಿತು. ಮಹಾದೇವ ಕೋಳಿ ಪರಿಶಿಷ್ಟ ಪಂಗಡ. ಬರಿಯ ಕೋಳಿ ಹಿಂದುಳಿದ ವರ್ಗ. ಹಲಬಾ ಪರಿಶಿಷ್ಟ ಪಂಗಡ. ನೇಯ್ಗೆಯ ಕೋಷ್ಟಿ ಅಲ್ಲ. ವೈದ್ಯಕೀಯ ಸೀಟು, ಬ್ಯಾಂಕಿನ ಹುದ್ದೆ, ಕಾರ್ಖಾನೆಯ ಕೆಲಸ ಎಲ್ಲ ಕಡೆ ಈ ಹೆಸರುಗಳ ಮೇಲೆ ತಕರಾರು ಎದ್ದಿತು.

1994ರ ಸೆಪ್ಟೆಂಬರ್ 2ರಂದು ಸುಪ್ರೀಂ ಕೋರ್ಟ್ ಕೊಟ್ಟ ತೀರ್ಪನ್ನು ವಕೀಲರು ಇಂದಿಗೂ ‘ಮಾಧುರಿ ಪಾಟೀಲ್’ ಎಂದೇ ಕರೆಯುತ್ತಾರೆ. ಮಹಾದೇವ ಕೋಳಿ ಎಂಬ ಪತ್ರದ ಮೇಲೆ ಇಬ್ಬರು ಅಕ್ಕತಂಗಿಯರು ವೈದ್ಯಕೀಯ ಮತ್ತು ದಂತವೈದ್ಯಕೀಯ ಸೀಟು ಪಡೆದಿದ್ದರು. ಮನೆತನದ ಹಳೆಯ ಶಾಲಾ ದಾಖಲೆ ‘ಹಿಂದೂ ಕೋಳಿ’ ಎನ್ನುತ್ತಿತ್ತು. ನ್ಯಾಯಾಲಯ ಅವರ ವಾದವನ್ನು ಒಪ್ಪಲಿಲ್ಲ. ಅಷ್ಟಕ್ಕೇ ನಿಲ್ಲಿಸದೆ ಇಡೀ ದೇಶಕ್ಕೆ ಹದಿನೈದು ಅಂಶಗಳ ಕ್ರಮ ಹಾಕಿಕೊಟ್ಟಿತು. ಪ್ರತಿ ರಾಜ್ಯದಲ್ಲೂ ಮೂವರ ಪರಿಶೀಲನಾ ಸಮಿತಿ ಇರಬೇಕು. ಪೊಲೀಸ್ ಅಧಿಕಾರಿಯ ಕೈಕೆಳಗೆ ಒಂದು ಜಾಗೃತ ದಳ ಇರಬೇಕು. ಅದು ಊರಿಗೆ, ಶಾಲೆಗೆ, ಮನೆಗೆ ಹೋಗಿ ವಿಚಾರಿಸಬೇಕು. ವರದಿ ವಿರುದ್ಧವಾಗಿದ್ದರೆ ಅರ್ಜಿದಾರರಿಗೆ ನೋಟಿಸು ಕೊಟ್ಟು ಅವರ ಮಾತು ಕೇಳಬೇಕು. ಸಮಿತಿಯ ಆದೇಶವನ್ನು ಸಿವಿಲ್ ಕೋರ್ಟಿನಲ್ಲಿ ಪ್ರಶ್ನಿಸುವಂತಿಲ್ಲ, ಹೈಕೋರ್ಟಿನ ರಿಟ್ ಅರ್ಜಿಯಲ್ಲಿ ಮಾತ್ರ.

ನ್ಯಾಯಾಲಯವೇ ಹೀಗೆ ಕಾನೂನು ಮಾಡಬಹುದೇ ಎಂಬ ಪ್ರಶ್ನೆಯೂ ಮತ್ತೆ ಸುಪ್ರೀಂ ಕೋರ್ಟಿಗೆ ಹೋಯಿತು. ಶಾಸನ ಇಲ್ಲದ ಕಡೆ, ಶಾಸನ ಬರುವವರೆಗೆ ಈ ಕ್ರಮ ನಡೆಯಲಿ ಎಂದು 2011ರಲ್ಲಿ ಮೂವರು ನ್ಯಾಯಮೂರ್ತಿಗಳ ಪೀಠ ಹೇಳಿತು. ಮಹಾರಾಷ್ಟ್ರ ಅಷ್ಟರೊಳಗೆ ತನ್ನದೇ ಕಾಯ್ದೆ ಮಾಡಿಕೊಂಡಿತ್ತು. ಅದು 2001ರ ಅಕ್ಟೋಬರ್ 18ರಂದು ಜಾರಿಗೆ ಬಂತು. ಅದರ ಎಂಟನೇ ಕಲಮು ಎಲ್ಲಕ್ಕಿಂತ ಭಾರವಾದದ್ದು: ತಾನು ಇಂಥ ಜಾತಿಯವನೆಂದು ರುಜುವಾತು ಮಾಡುವ ಹೊಣೆ ಅರ್ಜಿ ಹಾಕಿದವನದೇ.

ನದಿ ದಾಟಿದರೆ ಬೇರೆ ಪಟ್ಟಿ

ಖಡಕಿಯಿಂದ ಮುಳಾ ನದಿ ದಾಟಿ ಸ್ವಲ್ಪ ದೂರ ಹೋದರೆ ವಿಶ್ರಾಂತವಾಡಿ. ಜಿಲ್ಲೆಯ ಜಾತ ಪಡತಾಳಣಿ ಸಮಿತಿಯ ಕಚೇರಿ ಆ ಕಡೆಯಲ್ಲಿದೆ. ಬುಡಕಟ್ಟಿನ ಅರ್ಜಿಗಳಿಗೆ ಸಮಿತಿಯೇ ಬೇರೆ, ನಿಯಮಗಳೂ ಬೇರೆ. ಅಲ್ಲಿಗೆ ಹೋದ ಕನ್ನಡದ ಮನೆಗೆ ಮೊದಲು ಎದುರಾಗುವ ತೊಡಕು ಜಾತಿಯದಲ್ಲ, ತಾರೀಖಿನದು.

ಪರಿಶಿಷ್ಟ ಜಾತಿಯವರಾದರೆ 1950ರ ಆಗಸ್ಟ್ 10ಕ್ಕೆ ಮುಂಚೆ, ಪಂಗಡದವರಾದರೆ ಆ ಸೆಪ್ಟೆಂಬರ್ 6ಕ್ಕೆ ಮುಂಚೆ ಮನೆತನ ಈಗಿನ ಮಹಾರಾಷ್ಟ್ರದ ನೆಲದಲ್ಲಿ ನೆಲೆಸಿತ್ತು ಎಂದು ತೋರಿಸಬೇಕು. ವಿಮುಕ್ತ ಜಾತಿ, ಅಲೆಮಾರಿ ಜಮಾತಿಗಳಿಗೆ ಆ ದಿನ 1961ರ ನವೆಂಬರ್ 21. ಇತರ ಹಿಂದುಳಿದ ವರ್ಗಗಳಿಗೆ 1967ರ ಅಕ್ಟೋಬರ್ 13. ವಿಜಯಪುರದಿಂದ ಅಜ್ಜ ಖಡಕಿಗೆ ಬಂದದ್ದು 1948ರಲ್ಲೋ 1953ರಲ್ಲೋ ಎಂಬುದರ ಮೇಲೆ ಮೊಮ್ಮಗಳ ಇಂಜಿನಿಯರಿಂಗ್ ಸೀಟು ನಿಂತಿರುತ್ತದೆ. ಆಗ ವಿಜಯಪುರವೂ ಪುಣೆಯೂ ಒಂದೇ ಮುಂಬಯಿ ಪ್ರಾಂತ್ಯದಲ್ಲಿದ್ದವು. 1956ರ ನವೆಂಬರ್ 1ರಂದು ಬೇರೆಯಾದವು. ಅಜ್ಜ ಬಂದಾಗ ಗಡಿಯೇ ಇರಲಿಲ್ಲ.

ಅದರ ಮೇಲೆ ಪಟ್ಟಿಯ ಅಂತರ. ಕಲ್ಲು ಒಡೆದು ಮಣ್ಣು ಹೊತ್ತು ಊರೂರು ಕಟ್ಟಿದ ಭೋವಿ ವಡ್ಡರು ಕರ್ನಾಟಕದಲ್ಲಿ ಪರಿಶಿಷ್ಟ ಜಾತಿ. ಮಹಾರಾಷ್ಟ್ರದಲ್ಲಿ ‘ವಡಾರ’ರು ವಿಮುಕ್ತ ಜಾತಿ. ಲಂಬಾಣಿಗರದೂ ಹಾಗೆಯೇ: ಕರ್ನಾಟಕದಲ್ಲಿ ಪರಿಶಿಷ್ಟ ಜಾತಿ, ಮಹಾರಾಷ್ಟ್ರದಲ್ಲಿ ‘ಬಂಜಾರಾ’ ಎಂಬ ಹೆಸರಿನಲ್ಲಿ ವಿಮುಕ್ತ ಜಾತಿ. ಬೇಡ ನಾಯಕರು ಕರ್ನಾಟಕದಲ್ಲಿ ಪರಿಶಿಷ್ಟ ಪಂಗಡ. ಮಹಾರಾಷ್ಟ್ರದ ‘ಬೇರಡ’ರು ಮತ್ತೆ ವಿಮುಕ್ತ ಜಾತಿಯ ಸಾಲಿನಲ್ಲಿ. ಅಣ್ಣತಮ್ಮಂದಿರಲ್ಲಿ ಒಬ್ಬ ವಿಜಯಪುರ ಜಿಲ್ಲೆಯ ಇಂಡಿಯಲ್ಲಿ ಉಳಿದು ಇನ್ನೊಬ್ಬ ಖಡಕಿಗೆ ಬಂದರೆ ಅವರ ಮಕ್ಕಳು ಕಾನೂನಿನ ಕಣ್ಣಿಗೆ ಬೇರೆಬೇರೆ ವರ್ಗದವರು.

ಇದನ್ನು ಪ್ರಶ್ನಿಸಿದವರಿದ್ದಾರೆ. ಆಂಧ್ರದಲ್ಲಿ ಪರಿಶಿಷ್ಟ ಪಂಗಡವೆಂದು ಪತ್ರ ಪಡೆದು, ಆ ಮೀಸಲಾತಿಯಲ್ಲೇ ಕೇಂದ್ರದ ರಸಗೊಬ್ಬರ ಕಂಪನಿಗೆ ಸೇರಿ ಮುಂಬಯಿಗೆ ಬಂದ ನೌಕರರೊಬ್ಬರ ಮಗ, ಮಹಾರಾಷ್ಟ್ರದಲ್ಲಿ ಪಂಗಡದ ವೈದ್ಯಕೀಯ ಸೀಟು ಕೇಳಿದ. ಚಿಕ್ಕಂದಿನಿಂದ ಮುಂಬಯಿಯಲ್ಲೇ ಓದಿದವನು. 1990ರಲ್ಲಿ ಸುಪ್ರೀಂ ಕೋರ್ಟಿನ ಸಂವಿಧಾನ ಪೀಠ ಆಗದು ಎಂದಿತು. ಪಟ್ಟಿ ತಯಾರಾಗಿರುವುದು ಆಯಾ ರಾಜ್ಯದಲ್ಲಿ ಆ ಸಮುದಾಯ ಪಟ್ಟ ಪಾಡನ್ನು ನೋಡಿ, ರಾಜ್ಯ ಬದಲಾದರೆ ಅದು ಜೊತೆಗೆ ಬರುವುದಿಲ್ಲ ಎಂಬುದು ಅದರ ತರ್ಕ. 2018ರಲ್ಲಿ ಇನ್ನೊಂದು ಸಂವಿಧಾನ ಪೀಠ ಅದನ್ನೇ ಎತ್ತಿಹಿಡಿಯಿತು. ಕೇಂದ್ರ ಸರ್ಕಾರದ ನೌಕರಿಗೆ ಮಾತ್ರ ಮೂಲ ರಾಜ್ಯದ ಪತ್ರ ನಡೆಯುತ್ತದೆ. ಹೀಗಾಗಿ ಕೇಂದ್ರದ ಕಾರ್ಖಾನೆಯಲ್ಲಿ ದುಡಿಯುವ ಅಪ್ಪನಿಗೆ ಅನ್ವಯಿಸುವ ನಿಯಮ ರಾಜ್ಯದ ಕಾಲೇಜಿಗೆ ಹೋಗುವ ಮಗಳಿಗೆ ಅನ್ವಯಿಸುವುದಿಲ್ಲ. ಇದನ್ನು ಯಾರೂ ಮೊದಲೇ ತಿಳಿಸದೆ ಇರುವುದರಿಂದ ಎಷ್ಟೋ ಮನೆಗಳು ಸೀಟಿನ ಹೊತ್ತಿನಲ್ಲಿ ಕಂಗೆಡುತ್ತವೆ.

ಒಂದು ಅಕ್ಷರದ ವ್ಯಾಜ್ಯ

ಪಟ್ಟಿಯಲ್ಲಿರುವ ಹೆಸರು ಯಾರದು? ಈ ಪ್ರಶ್ನೆಗೆ ಮೊದಲ ದೊಡ್ಡ ಉತ್ತರ ಹುಟ್ಟಿದ್ದು ಬೆಂಗಳೂರಿನ ಒಂದು ಚುನಾವಣೆಯಿಂದ. 1962ರಲ್ಲಿ ಬೆಂಗಳೂರು ದಕ್ಷಿಣದ ಮೀಸಲು ಕ್ಷೇತ್ರದಿಂದ ಗೆದ್ದ ಡಿ. ಮುನಿಚಿನ್ನಪ್ಪ ತಾವು ಭೋವಿ ಎಂದಿದ್ದರು. ಅವರು ವಡ್ಡರು, ವಡ್ಡರ ಹೆಸರು ಪಟ್ಟಿಯಲ್ಲಿಲ್ಲ ಎಂದು ಬಿ. ಬಸವಲಿಂಗಪ್ಪ ತಕರಾರು ತೆಗೆದರು. ಪ್ರಕರಣ ಸಂವಿಧಾನ ಪೀಠದ ತನಕ ಹೋಯಿತು. 1950ರಲ್ಲಿ ಮೈಸೂರು ಸೀಮೆಯಲ್ಲಿ ಭೋವಿ ಎಂಬ ಬೇರೊಂದು ಜಾತಿಯೇ ಇರಲಿಲ್ಲ, ವಡ್ಡರ ಕೋರಿಕೆಯಂತೆ ಮೈಸೂರು ಸರ್ಕಾರವೇ 1946ರಲ್ಲಿ ಆ ಹೆಸರು ಬಳಕೆಗೆ ತಂದಿತ್ತು ಎಂಬುದು ಸಾಕ್ಷ್ಯದಿಂದ ತಿಳಿಯಿತು. ಪಟ್ಟಿಯ ‘ಭೋವಿ’ ಎಂದರೆ ವಡ್ಡರೇ ಎಂದು 1964ರ ತೀರ್ಪು ಹೇಳಿತು. ಹೆಸರಿನ ಹಿಂದಿನ ಜನರನ್ನು ಹುಡುಕಿ ನೋಡಿದ ತೀರ್ಪು ಅದು.

2000ದ ನವೆಂಬರ್ 28ರಂದು ಬಂದ ಮಿಲಿಂದ್ ಪ್ರಕರಣದ ತೀರ್ಪು ಆ ಹುಡುಕಾಟಕ್ಕೆ ಗೆರೆ ಎಳೆಯಿತು. ಹಲಬಾ ಕೋಷ್ಟಿಯೂ ಹಲಬಾವೇ ಎಂಬ ವಾದ ಸಂವಿಧಾನ ಪೀಠದ ಮುಂದಿತ್ತು. ತೀರ್ಪು ಬರೆದವರು ಕರ್ನಾಟಕದವರೇ ಆದ ನ್ಯಾಯಮೂರ್ತಿ ಶಿವರಾಜ ವಿ. ಪಾಟೀಲ. ಪಟ್ಟಿಯನ್ನು ಇದ್ದ ಹಾಗೆಯೇ ಓದಬೇಕು, ಒಳಪಂಗಡವೆಂದೋ ಪರ್ಯಾಯ ಹೆಸರೆಂದೋ ಹೊಸದನ್ನು ಸೇರಿಸಲು ರಾಜ್ಯ ಸರ್ಕಾರಕ್ಕೂ ನ್ಯಾಯಾಲಯಕ್ಕೂ ಅಧಿಕಾರವಿಲ್ಲ, ಅದು ಸಂಸತ್ತಿನ ಕೆಲಸ ಎಂಬುದು ಸಾರ. 2024ರ ಫೆಬ್ರುವರಿಯಲ್ಲಿ ಬಾಂಬೆ ಹೈಕೋರ್ಟ್ ಧನಗರರ ಅರ್ಜಿ ವಜಾ ಮಾಡಿದ್ದೂ ಇದೇ ದಾರಿಯಲ್ಲಿ. ಬುಡಕಟ್ಟಿನ ಪಟ್ಟಿಯಲ್ಲಿ ‘ಧನಗಡ’ ಎಂದಿದೆ. ಅದು ‘ಧನಗರ’ದ ತಪ್ಪು ಬರಹ ಎಂದು ಕುರಿಗಾಹಿಗಳಾದ ಧನಗರರು ವಾದಿಸಿದ್ದರು.

ಕರ್ನಾಟಕದಲ್ಲಿ ತಳವಾರ, ಪರಿವಾರ ಎಂಬ ಹೆಸರುಗಳ ತಗಾದೆ ತೀರಿದ್ದು ಸಂಸತ್ತಿನಲ್ಲಿಯೇ. 2020ರ ತಿದ್ದುಪಡಿ ಅವೆರಡನ್ನೂ ನಾಯಕ ಪಂಗಡದ ಪರ್ಯಾಯ ಹೆಸರುಗಳೆಂದು ಸೇರಿಸಿತು. ಬೇಡ ಜಂಗಮದ್ದು ಹಾಗಾಗಿಲ್ಲ. ಪರಿಶಿಷ್ಟ ಜಾತಿಯ ಪಟ್ಟಿಯಲ್ಲಿರುವ ಆ ಹೆಸರಿನಡಿ ವೀರಶೈವ ಜಂಗಮರಲ್ಲಿ ಕೆಲವರು ಪತ್ರ ಕೇಳಿದ್ದು, ದಲಿತ ಸಂಘಟನೆಗಳು ಅದನ್ನು ವಿರೋಧಿಸಿದ್ದು ದಶಕಗಳ ಕಥೆ. ಹೆಸರು ಒಂದಾದ ಮಾತ್ರಕ್ಕೆ ಉಂಡ ನೋವು ಒಂದಾಗದು ಎಂಬ ದಲಿತರ ಆಕ್ಷೇಪದಲ್ಲಿ ತೂಕವಿದೆ. ಪರಿಶೀಲನೆ ಬೇಕೇಬೇಕು ಎನ್ನಲು ಇದಕ್ಕಿಂತ ದೊಡ್ಡ ಕಾರಣ ಇಲ್ಲ: ಸುಳ್ಳು ಪತ್ರದಲ್ಲಿ ಹೋದ ಒಂದೊಂದು ಸೀಟೂ ಆ ಪಟ್ಟಿಗೆ ನಿಜವಾಗಿ ಸೇರಿದ ಒಂದು ಮಗುವಿನದು.

ಮನೆದೇವರು ಯಾರು, ಹೂಳುತ್ತೀರೋ ಸುಡುತ್ತೀರೋ?

ಸಮಿತಿ ನಂಬುವುದು ಹಳೆಯ ಕಾಗದವನ್ನು. ಶಾಲೆಯ ಜನರಲ್ ರಿಜಿಸ್ಟರಿನ ಉತಾರ, ಹುಟ್ಟುಸಾವುಗಳನ್ನು ಜಾತಿಸಹಿತ ಬರೆಯುತ್ತಿದ್ದ ಕೋತವಾಲ ಪುಸ್ತಕ, ಹೊಲದ ದಾಖಲೆ. 1950ಕ್ಕಿಂತ ಹಿಂದಿನದಾದರೆ ಬೆಲೆ ಹೆಚ್ಚು. ಈಗಿನ ಮೀಸಲಾತಿ ಇಲ್ಲದ ಕಾಲದಲ್ಲಿ ಸುಳ್ಳು ಬರೆಸುವ ಕಾರಣವಿರಲಿಲ್ಲ ಎಂಬುದು ವಾದ. ವಾದ ಸರಿಯೇ. ಆದರೆ ಆ ಕಾಲದಲ್ಲಿ ಶಾಲೆಯ ಹೊಸ್ತಿಲು ದಾಟಿದವರು ಯಾರು? ಊರ ಹೊರಗೆ ಗುಡಿಸಲು ಹಾಕಿಕೊಂಡು ವರ್ಷಕ್ಕೊಂದು ಊರು ಬದಲಿಸಿದವನ ಹೆಸರು ಯಾವ ರಿಜಿಸ್ಟರಿನಲ್ಲಿತ್ತು? ಹೆಚ್ಚು ವಂಚಿತರಾದವರ ಬಳಿ ಕಾಗದ ಕಡಿಮೆ. ಇದ್ದರೂ ಕಲಬುರಗಿ ಕಡೆಯದು ನಿಜಾಮರ ಕಾಲದ ಉರ್ದುವಿನಲ್ಲಿರಬಹುದು, ಮರಾಠಿಯದು ಮೋಡಿ ಲಿಪಿಯಲ್ಲಿರಬಹುದು. ಓದಿಸುವವರನ್ನು ಹುಡುಕುವುದೇ ಒಂದು ಕೆಲಸ. ಬರೆದ ಗುಮಾಸ್ತನೂ ಜಾತಿಯ ಜಾಗದಲ್ಲಿ ಕಸುಬನ್ನೋ ಭಾಷೆಯನ್ನೋ ಬರೆದುಬಿಟ್ಟಿರುವುದುಂಟು.

ಕಾಗದ ಸಾಲದಿದ್ದಾಗ ಮಹಾರಾಷ್ಟ್ರದವರು ‘ದಕ್ಷತಾ ಪಥಕ’ ಎನ್ನುವ ಜಾಗೃತ ದಳ ಮನೆಗೆ ಬರುತ್ತದೆ. ಮನೆದೇವರು ಯಾರು, ಮದುವೆ ಹೇಗೆ ಮಾಡುತ್ತೀರಿ, ಸತ್ತವರನ್ನು ಹೂಳುತ್ತೀರೋ ಸುಡುತ್ತೀರೋ ಎಂದು ಕೇಳುತ್ತದೆ. ಬುಡಕಟ್ಟಿನ ಅರ್ಜಿಗಳಲ್ಲಿ ಇದನ್ನು ನಂಟಿನ ಪರೀಕ್ಷೆ ಎನ್ನಬಹುದು. ಮೂರು ತಲೆಮಾರು ದಂಡಿನ ಚಾಳಿನಲ್ಲಿ ಬೆಳೆದವನು ಸಹ್ಯಾದ್ರಿಯ ಹಾಡಿಯ ಕಟ್ಟಳೆಗಳನ್ನು ಒಪ್ಪಿಸಲಾರದೆ ತಡವರಿಸುತ್ತಾನೆ. ಅದನ್ನೇ ಹಿಡಿದು ಎಷ್ಟೋ ಅರ್ಜಿಗಳು ತಿರಸ್ಕಾರವಾದವು.

ಇದರ ವಿರುದ್ಧದ ಹೋರಾಟವೇ ಈಚಿನ ದಶಕಗಳ ವ್ಯಾಜ್ಯಗಳಲ್ಲಿ ಹೆಚ್ಚು ಫಲ ಕೊಟ್ಟದ್ದು. ಊರು ಬಿಟ್ಟು, ಓದು ಕಲಿತು ಬದಲಾದ ಮನೆಗಳಲ್ಲಿ ಹಳೆಯ ಆಚಾರ ಉಳಿಯದಿರಬಹುದು, ಅದೊಂದನ್ನೇ ಒರೆಗಲ್ಲು ಮಾಡಬಾರದು ಎಂದು 2011ರ ಆನಂದ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಹೇಳಿತು. ಆಮೇಲೂ ಪೀಠಗಳ ಮಾತು ಒಂದೇ ತೆರನಾಗಿರಲಿಲ್ಲ. ಠಾಕೂರ್ ಬುಡಕಟ್ಟಿನ ಸಂಘಟನೆಯೊಂದು ಹೂಡಿದ ಪ್ರಕರಣದಲ್ಲಿ 2023ರ ಮಾರ್ಚ್ 24ರಂದು ಮೂವರು ನ್ಯಾಯಮೂರ್ತಿಗಳ ಪೀಠ ಗೊಂದಲ ಬಿಡಿಸಿತು. ತೀರ್ಪು ಬರೆದವರು ನ್ಯಾಯಮೂರ್ತಿ ಅಭಯ್ ಎಸ್. ಓಕಾ, ಅವರು ಹಿಂದೆ ಕರ್ನಾಟಕ ಹೈಕೋರ್ಟಿನ ಮುಖ್ಯ ನ್ಯಾಯಮೂರ್ತಿಯಾಗಿದ್ದವರು. ಪ್ರತಿ ಅರ್ಜಿಯನ್ನೂ ಜಾಗೃತ ದಳಕ್ಕೆ ಕಳಿಸಬೇಕಿಲ್ಲ, ದಾಖಲೆಯಿಂದ ಸಮಿತಿಗೆ ಸಮಾಧಾನವಾಗದಿದ್ದರೆ ಮಾತ್ರ ಕಳಿಸಬೇಕು. ತಂದೆಯ ಕಡೆಯ ರಕ್ತಸಂಬಂಧಿಗೆ ಸರಿಯಾದ ವಿಚಾರಣೆ ನಡೆದು ವ್ಯಾಲಿಡಿಟಿ ಸಿಕ್ಕಿದ್ದರೆ, ಅದರಲ್ಲಿ ಮೋಸವಿಲ್ಲದಿದ್ದರೆ, ಅದನ್ನು ಮಾನ್ಯ ಮಾಡಬೇಕು.

ಚಿಕ್ಕಪ್ಪನಿಗೆ ಸಿಕ್ಕ ಜಾತಿ ಅಣ್ಣನ ಮಗಳಿಗೆ ಸಿಗದೆ ಹೋಗುವ ಅನ್ಯಾಯವನ್ನು ಬಾಂಬೆ ಹೈಕೋರ್ಟ್ 2010ರಲ್ಲಿಯೇ ಗುರುತಿಸಿತ್ತು. ಅದು ಇಡೀ ದೇಶದ ಮಾತಾಗಲು ಹದಿಮೂರು ವರ್ಷ ಬೇಕಾಯಿತು. ಅಷ್ಟರಲ್ಲಿ ಒಂದು ತಲೆಮಾರಿನ ಮಕ್ಕಳ ಓದಿನ ವಯಸ್ಸೇ ಮುಗಿದಿತ್ತು.

ನೌಕರಿ ಉಳಿಯುತ್ತದೆಯೇ?

ಪತ್ರ ರದ್ದಾದರೆ ಏನಾಗುತ್ತದೆ ಎಂಬುದು ಇನ್ನೊಂದು ಕವಲು. ಮಿಲಿಂದ್ ಪ್ರಕರಣದಲ್ಲಿ ವಾದ ಸೋತರೂ ವಿದ್ಯಾರ್ಥಿಯ ವೈದ್ಯ ಪದವಿ ಉಳಿಯಿತು. ಸೀಟು ಪಡೆದು ಹದಿನೈದು ವರ್ಷ ಕಳೆದಿತ್ತು, ಸಾರ್ವಜನಿಕರ ಹಣ ಖರ್ಚಾಗಿತ್ತು, ಒಬ್ಬ ವೈದ್ಯನನ್ನು ಕಳೆದುಕೊಂಡು ಸಮಾಜಕ್ಕೆ ಲಾಭವಿರಲಿಲ್ಲ. ಆ ಒಂದು ಕರುಣೆಯನ್ನು ಹಿಡಿದು ನೂರಾರು ನೌಕರರು ರಕ್ಷಣೆ ಕೇಳಿದರು. 2000ದ ನವೆಂಬರ್ 28ಕ್ಕೆ ಮುಂಚೆ ಸೇರಿದ ಕೋಷ್ಟಿ ನೌಕರರನ್ನು ತೆಗೆಯಬಾರದೆಂದು ಕೇಂದ್ರವೂ 2010ರಲ್ಲಿ ಸುತ್ತೋಲೆ ಹೊರಡಿಸಿತು. ಮೋಸದ ಉದ್ದೇಶವಿಲ್ಲದವರಿಗೆ ನೌಕರಿ ಉಳಿಯಲಿ ಎಂದು ಬಾಂಬೆ ಹೈಕೋರ್ಟಿನ ಪೂರ್ಣಪೀಠವೂ ಹೇಳಿತ್ತು.

2017ರ ಜುಲೈ 6ರಂದು ಭಾರತೀಯ ಆಹಾರ ನಿಗಮದ ನೌಕರರೊಬ್ಬರ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಆ ದಾರಿ ಮುಚ್ಚಿತು. ನ್ಯಾಯಮೂರ್ತಿ ಡಿ.ವೈ. ಚಂದ್ರಚೂಡ್ ಬರೆದ ತೀರ್ಪಿನ ಪ್ರಕಾರ, ಮಹಾರಾಷ್ಟ್ರದ ಕಾಯ್ದೆಯ ಹತ್ತನೇ ಕಲಮಿನಂತೆ ಪತ್ರ ರದ್ದಾದೊಡನೆ ಅದರಿಂದ ಬಂದ ಸೌಲಭ್ಯವೂ ಹೋಗಬೇಕು. ಮೋಸದ ಉದ್ದೇಶವಿತ್ತೇ ಎಂಬುದು ಜೈಲುಶಿಕ್ಷೆಯ ವಿಚಾರದಲ್ಲಿ ಬರುವ ಪ್ರಶ್ನೆ, ನೌಕರಿಯ ವಿಚಾರದಲ್ಲಿ ಅಲ್ಲ. ಎರಡು ವರ್ಷದ ಮೇಲೆ, 2019ರ ಡಿಸೆಂಬರ್ 21ರಂದು, ಮಹಾರಾಷ್ಟ್ರ ಸರ್ಕಾರ ಇಂಥ ತನ್ನ ನೌಕರರನ್ನು ಹನ್ನೊಂದು ತಿಂಗಳ ‘ಅಧಿಸಂಖ್ಯ’ ಹುದ್ದೆಗಳಿಗೆ, ಅಂದರೆ ಮಂಜೂರಾದ ಸಂಖ್ಯೆಗೆ ಹೊರತಾದ ಹುದ್ದೆಗಳಿಗೆ, ಕಳಿಸುವ ಆದೇಶ ಮಾಡಿತು. ಇಪ್ಪತ್ತೈದು ಮೂವತ್ತು ವರ್ಷ ದುಡಿದವರು ಒಂದೇ ದಿನ ತಾತ್ಕಾಲಿಕ ನೌಕರರಾದರು. ಅವರು ಕೂತಿದ್ದ ಜಾಗ ಬುಡಕಟ್ಟಿನವರದಾಗಿತ್ತು, ಅವರಿಗೇ ಸಿಗಬೇಕಿತ್ತು ಎಂಬುದೂ ನಿಜ.

ಕರ್ನಾಟಕದಲ್ಲಿ ಇದೇ ಪ್ರಶ್ನೆಗೆ ಬೇರೆ ಉತ್ತರ ಬಂತು. ಕೋಟೆಗಾರ ಮೊದಲಾದ ಸಮುದಾಯಗಳಿಗೆ ರಾಜ್ಯ ಸರ್ಕಾರವೇ ಪರಿಶಿಷ್ಟ ಜಾತಿಯ ಪತ್ರ ಕೊಡಿಸಿ, ಅದು ತನ್ನ ಅಧಿಕಾರ ಮೀರಿದ್ದೆಂದು ತಿಳಿದ ಮೇಲೆ ಹಿಂತೆಗೆದುಕೊಂಡಿತ್ತು. ಅಷ್ಟರಲ್ಲಿ ಹಲವರು ಬ್ಯಾಂಕುಗಳಿಗೆ, ಕೇಂದ್ರದ ಕಂಪನಿಗಳಿಗೆ ಸೇರಿದ್ದರು. ಮೀಸಲಾತಿಯನ್ನು ಬಿಟ್ಟುಕೊಟ್ಟು ಸಾಮಾನ್ಯ ವರ್ಗದವರಾಗಿ ಅವರು ಮುಂದುವರಿಯಲಿ ಎಂದು ಸುಪ್ರೀಂ ಕೋರ್ಟ್ 2024ರ ಆಗಸ್ಟ್ 28ರಂದು ಹೇಳಿತು. ರಾಜ್ಯವೇ 2003ರ ಸುತ್ತೋಲೆಯಲ್ಲಿ ಅವರನ್ನು ಕಾಪಾಡುವ ಮಾತು ಕೊಟ್ಟಿತ್ತು. ಇಲ್ಲಿ ತಪ್ಪು ಸರ್ಕಾರದ್ದು, ನೌಕರರದಲ್ಲ. ಖಡಕಿಯ ಕಾರ್ಖಾನೆಯ ನೌಕರನೊಬ್ಬ ಈ ತೀರ್ಪನ್ನು ತನಗೂ ಅನ್ವಯಿಸಿ ಎಂದು ಕೇಳಿದರೆ, ಅವನ ಪತ್ರ ಯಾರ ತಪ್ಪಿನಿಂದ ಹುಟ್ಟಿತು ಎಂಬುದೇ ಮೊದಲು ಇತ್ಯರ್ಥವಾಗಬೇಕಾಗುತ್ತದೆ.

ಹೈಕೋರ್ಟಿನ ಮೆಟ್ಟಿಲು

ಕರ್ನಾಟಕದಲ್ಲಿ ಈ ಎರಡನೇ ಕಾಗದಕ್ಕೆ ಸಿಂಧುತ್ವ ಪ್ರಮಾಣಪತ್ರ ಎನ್ನುತ್ತಾರೆ. 1990ರ ಮೀಸಲಾತಿ ಕಾಯ್ದೆಯಡಿ ತಹಶೀಲ್ದಾರರು ಜಾತಿ ಪತ್ರ ಕೊಟ್ಟರೆ, ಜಿಲ್ಲಾಧಿಕಾರಿಯ ಅಧ್ಯಕ್ಷತೆಯ ಸಮಿತಿ ಪರಿಶೀಲಿಸುತ್ತದೆ. ಸುಳ್ಳಿನ ದೂರು ಬಂದರೆ ನಾಗರಿಕ ಹಕ್ಕು ಜಾರಿ ನಿರ್ದೇಶನಾಲಯ ತನಿಖೆ ಮಾಡುತ್ತದೆ. ಮಹಾರಾಷ್ಟ್ರದಲ್ಲಿ ಸಮಿತಿಯ ಮಾತೇ ಕೊನೆಯದು, ಅದರ ಮೇಲೆ ಮೇಲ್ಮನವಿ ಇಲ್ಲ. ರಿಟ್ ಅರ್ಜಿ ಮೇಲ್ಮನವಿಯಲ್ಲ. ಸಾಕ್ಷ್ಯವನ್ನು ಹೊಸದಾಗಿ ತೂಗುವುದು ಹೈಕೋರ್ಟಿನ ಕೆಲಸವಲ್ಲ. ಸಮಿತಿ ನಿಯಮ ಪಾಲಿಸಿತೇ, ನೋಟಿಸು ಕೊಟ್ಟಿತೇ, ಮುಖ್ಯ ದಾಖಲೆಯನ್ನು ಕಡೆಗಣಿಸಿತೇ ಎಂದಷ್ಟೇ ಅದು ನೋಡಬೇಕು.

ಅಮರಾವತಿಯ ಸಂಸದೆಯಾಗಿದ್ದ ನವನೀತ್ ರಾಣಾ ಅವರ ಪ್ರಕರಣ ಇದನ್ನು ಎಲ್ಲರ ಕಣ್ಣಿಗೆ ತಂದಿತು. ಅವರ ‘ಮೋಚಿ’ ಪತ್ರವನ್ನು ಸಮಿತಿ ಒಪ್ಪಿತ್ತು. 2021ರ ಜೂನ್‌ನಲ್ಲಿ ಬಾಂಬೆ ಹೈಕೋರ್ಟ್ ರದ್ದು ಮಾಡಿ 2 ಲಕ್ಷ ರೂಪಾಯಿ ದಂಡ ಹಾಕಿತು. 2024ರ ಏಪ್ರಿಲ್ 4ರಂದು ಸುಪ್ರೀಂ ಕೋರ್ಟ್ ಪತ್ರವನ್ನು ಮತ್ತೆ ಊರ್ಜಿತಗೊಳಿಸಿತು. ದಾಖಲೆ ನೋಡಿ ಸಮಿತಿ ಮಾಡಿದ ತೀರ್ಮಾನದಲ್ಲಿ ಹೈಕೋರ್ಟ್ ಕೈಹಾಕಬಾರದಿತ್ತು ಎಂದಿತು. ಸಂಸದೆಗೆ ಹೆಸರಾಂತ ವಕೀಲರಿದ್ದರು, ಮೂರು ವರ್ಷ ಹೋರಾಡುವ ಶಕ್ತಿಯಿತ್ತು. ಹನ್ನೆರಡನೇ ತರಗತಿಯ ಹುಡುಗಿಗೆ ಇರುವುದು ಪ್ರವೇಶದ ಕೊನೆಯ ದಿನಾಂಕ ಒಂದೇ.

2025ರ ಆಗಸ್ಟ್ 18ರಿಂದ ಕೊಲ್ಹಾಪುರದಲ್ಲಿ ಬಾಂಬೆ ಹೈಕೋರ್ಟಿನ ಸಂಚಾರಿ ಪೀಠ ನಡೆಯುತ್ತಿದೆ. ಅಕ್ಕಲಕೋಟೆ, ಜತ್ತದ ಕನ್ನಡ ಮನೆಗಳವರು ಈಗ ಅಲ್ಲಿಗೆ ಹೋಗುತ್ತಾರೆ, ಏಕೆಂದರೆ ಸೊಲ್ಲಾಪುರ, ಸಾಂಗ್ಲಿ ಜಿಲ್ಲೆಗಳು ಅದರ ವ್ಯಾಪ್ತಿಗೆ ಬಂದಿವೆ. ಪುಣೆ ಜಿಲ್ಲೆ ಬಂದಿಲ್ಲ. ಖಡಕಿಯವರು ಬೆಳಗಿನ ರೈಲು ಹಿಡಿದು ಮುಂಬಯಿಗೇ ಹೋಗಬೇಕು. ಫೈಲಿನಲ್ಲಿ ಎಲ್ಲಕ್ಕಿಂತ ಮೇಲೆ ಚಿಕ್ಕಪ್ಪನ ವ್ಯಾಲಿಡಿಟಿ ಇಡಿ ಎಂದು ವಕೀಲರು ಹೇಳುತ್ತಾರೆ. ಚಿಕ್ಕಪ್ಪನಿಗೂ ಸಿಕ್ಕಿಲ್ಲದಿದ್ದರೆ, ಅಪ್ಪ ಮತ್ತೆ ವಿಜಯಪುರದ ರೈಲು ಹತ್ತಿ ಅಜ್ಜನ ಊರಿನ ಶಾಲೆಗೆ ಹೋಗಿ ಹಳೆಯ ರಿಜಿಸ್ಟರಿನ ಆ ಪುಟ ಗೆದ್ದಲು ತಿನ್ನದೆ ಉಳಿದಿದೆಯೇ ಎಂದು ನೋಡಿ ಬರಬೇಕು.